ಬಾಯ್ಲರ್ ಹಚ್ಚುವ ಮೊದಲು

ಪೋತ್ನಾಳ ಹತ್ತಿರ ಬಂದಾಗ ಬಸ್ಸಿನ ಕಿಟಕಿಯಿಂದ ಆ ವಾಸನೆ ಒಳಗೆ ಬಂತು. ಭತ್ತ ಬೇಯುವ ವಾಸನೆ. ಹಸಿ ಹುಲ್ಲು, ಕಾದ ಕಬ್ಬಿಣ, ಒದ್ದೆ ಗೋಣಿಚೀಲ ಮೂರನ್ನೂ ಒಂದೇ ಹಂಡೆಗೆ ಹಾಕಿ ಕುದಿಸಿದಂತೆ ಇರುತ್ತದೆ. ಪಕ್ಕದ ಸೀಟಿನ ಹುಡುಗಿ ಮೂಗಿಗೆ ದುಪಟ್ಟಾ ಹಿಡಿದಳು. ನನಗೆ ಅದು ಕೆಟ್ಟ ವಾಸನೆಯಲ್ಲ, ಒಳ್ಳೆಯದೂ ಅಲ್ಲ. ಮೂಗಿಗೆ ತಾಗಿದ ಕೂಡಲೆ ಕೂತಲ್ಲಿ ಕೂರಲಾಗುವುದಿಲ್ಲ, ಅಷ್ಟೆ. ಎಲ್ಲಿಗೋ ಹೋಗಬೇಕಾಗಿತ್ತು, ಯಾರಿಗೋ ಏನೋ ಹೇಳಬೇಕಾಗಿತ್ತು, ಹೊತ್ತು ಮೀರುತ್ತಿದೆ ಎನ್ನಿಸುತ್ತದೆ. ಹೋಗಬೇಕಾದ ಊರಿನಲ್ಲೇ ಇಳಿಯುತ್ತಿದ್ದೇನೆ, ಮಾತಾಡಬೇಕಾದವಳು ಅಲ್ಲೇ ಮನೆಯಲ್ಲಿ ಕೂತಿದ್ದಾಳೆ ಎಂದು ಗೊತ್ತಿದ್ದರೂ.

ಈ ಚಡಪಡಿಕೆ ಹುಟ್ಟಿದ್ದು ಒಂದು ಮಳೆಗಾಲದಲ್ಲಿ, ಎಂಬತ್ತರ ದಶಕದ ಆರಂಭದಲ್ಲಿ. ಅದರ ಬಗ್ಗೆ ಬರೆಯಬೇಕೆಂದು ಹಲವು ಸಲ ಕೂತು ಎದ್ದಿದ್ದೇನೆ. ಎಂ.ಎ. ಓದುವ ಕಾಲದಿಂದ ದಿನಚರಿ ಬರೆಯುವವನು ನಾನು. ಆದ್ದರಿಂದ ನನಗೆ ಎಲ್ಲ ನೆನಪಿರುತ್ತದೆ ಎಂದು ಮನೆಯವರು ತಿಳಿದಿದ್ದಾರೆ. ಆ ಮಳೆಗಾಲದ ಪುಟಗಳನ್ನು ತೆಗೆದು ನೋಡಿದರೆ ಗಾಳಿ, ಮೋಡ, ಬಸ್ಸು ತಪ್ಪಿದ್ದು, ಬಸ್ಸು ಸಿಕ್ಕಿದ್ದು, ಇಷ್ಟೇ ಇದೆ. ಬರೆಯಬೇಕಾದದ್ದನ್ನು ಬಿಟ್ಟು ಹವಾಮಾನ ಬರೆದಿದ್ದೇನೆ. ಹೀಗಾಗಿ ಈಗ ಬರೆಯುವುದೆಲ್ಲ ನೆನಪಿನಿಂದ. ನನ್ನ ನೆನಪು ಯಾವಾಗಲೂ ನನ್ನ ಪರವಾಗಿಯೇ ವಕಾಲತ್ತು ಮಾಡುತ್ತದೆ ಎಂಬ ಗುಮಾನಿ ನನಗೆ ಮೊದಲಿನಿಂದಲೂ ಇದೆ.

ಆಗ ನನಗೆ ಇಪ್ಪತ್ತೈದು. ದೇವದುರ್ಗದ ಕಾಲೇಜಿನಲ್ಲಿ ಉಪನ್ಯಾಸಕನಾಗಿ ಸೇರಿ ಒಂದು ವರ್ಷವಾಗಿತ್ತು. ಅವ್ವನಿಗೆ ನಲವತ್ತೋ, ನಲವತ್ತೆರಡೋ. ಹುಟ್ಟಿದ ವರ್ಷ ಅವಳಿಗೂ ಗೊತ್ತಿಲ್ಲ. ಹುಲಿಗೆಮ್ಮ ಅವಳ ಹೆಸರು. ಅಪ್ಪ ರಾಯಚೂರಿನ ಹತ್ತಿ ಮಾರುಕಟ್ಟೆಯಲ್ಲಿ ಹಮಾಲನಾಗಿದ್ದ. ನಾನು ಏಳನೆಯ ತರಗತಿಯಲ್ಲಿದ್ದಾಗ ಜ್ವರ ಬಂದು ತೀರಿಕೊಂಡ. ಆಮೇಲೆ ಅವ್ವ ನನ್ನನ್ನೂ ತಂಗಿ ರೇಣುಕಾಳನ್ನೂ ಕರೆದುಕೊಂಡು ಪೋತ್ನಾಳಕ್ಕೆ ಬಂದು ಅಕ್ಕಿ ಗಿರಣಿಯ ಕಣದಲ್ಲಿ ಕೆಲಸಕ್ಕೆ ನಿಂತಳು. ಕಾಲುವೆ ನೀರು ಹರಿದು ಸುತ್ತಮುತ್ತ ಭತ್ತವಾಗಿ, ಗಿರಣಿಗಳು ಎದ್ದಿದ್ದ ಕಾಲ. ಬೇಯಿಸಿದ ಭತ್ತವನ್ನು ಸಿಮೆಂಟಿನ ಕಣದ ಮೇಲೆ ಹರವುತ್ತಿದ್ದರು. ಹೆಂಗಸರು ಸಾಲಾಗಿ ನಿಂತು, ಸೀರೆ ಎತ್ತಿ ಕಟ್ಟಿ, ಎರಡೂ ಪಾದಗಳನ್ನು ನೆಲಕ್ಕೆ ಒತ್ತಿ ಎಳೆಯುತ್ತ ಭತ್ತದೊಳಗೇ ನಡೆಯುವರು. ಪಾದ ಹೋದ ಕಡೆ ಗೀರು ಬಿದ್ದು ಕೆಳಗಿನ ಹಸಿ ಕಾಳು ಮೇಲೆ ಬರುತ್ತಿತ್ತು. ಬಿಸಿಲಿರುವ ತನಕ ಹೀಗೆ ಹೋಗುವುದು, ತಿರುಗುವುದು, ಬರುವುದು. ಅವ್ವ ಆ ಸಾಲಿನ ಮುಂದಿನವಳು. ಅವಳು ತಿರುಗಿದರೆ ಸಾಲು ತಿರುಗುತ್ತಿತ್ತು. ಧಾರವಾಡದಲ್ಲಿ ನಾನು ಓದಿದ್ದು ಆ ನಡಿಗೆಯ ಮೇಲೆ.

ರೇಣುಕಾಳ ಮದುವೆಯಾಗಿ ಅವಳು ಯರಗೇರಾಕ್ಕೆ ಹೋದ ಮೇಲೆ, ಆ ವರ್ಷ ಜೂನಿನಲ್ಲಿ ಅವ್ವನನ್ನು ದೇವದುರ್ಗಕ್ಕೆ ಕರೆತಂದೆ.

“ಇನ್ನ ಮ್ಯಾಲ ನೀ ಕುಂತು ಉಣ್ಣು,” ಎಂದೆ. ಹಾಸ್ಟೆಲಿನ ದಿನಗಳಿಂದ ಹೇಳಲು ಕಾದಿಟ್ಟುಕೊಂಡಿದ್ದ ಮಾತು ಅದು.

“ಕುಂತು ಉಂಡು, ಆಮ್ಯಾಲ ಏನು ಮಾಡ್ಲಿ?”

“ಏನೂ ಮಾಡಬ್ಯಾಡ.”

“ಅದನ್ನ ಹ್ಯಾಂಗ ಮಾಡೂದು, ಹೇಳಿಕೊಡು ಮತ್ತ. ನೀ ಮಾಸ್ತರ ಅದಿ.”

ನಾನು ನಕ್ಕೆ. ಅವಳು ನಗಲಿಲ್ಲವೆಂದು ಈಗ ಅನ್ನಿಸುತ್ತದೆ. ಆಗ ಗಮನಿಸಿದ್ದೆನೋ, ಈಗ ಸೇರಿಸುತ್ತಿದ್ದೇನೋ ಗೊತ್ತಿಲ್ಲ.

ನಮ್ಮದು ಎರಡು ಕೋಣೆಯ ಬಾಡಿಗೆ ಮನೆ. ಮಾಲಕಿ ಶಾಂತಮ್ಮನವರು ಅದೇ ಅಂಗಳದ ಹಿಂಭಾಗದಲ್ಲಿ ಇರುತ್ತಿದ್ದರು. ಕಿರಾಣಿ ವ್ಯಾಪಾರಸ್ಥರ ಮನೆತನ. ಇನ್ನೂ ಹುಡುಗಿಯಾಗಿದ್ದಾಗಲೇ ಗಂಡನನ್ನು ಕಳೆದುಕೊಂಡವರು. ಹಣೆಗೆ ವಿಭೂತಿ, ಬಿಳಿ ಸೀರೆ, ಬರಿಗೈ. ನಮ್ಮ ಜಾತಿಯನ್ನು ಅವರು ಎಂದೂ ಕೇಳಲಿಲ್ಲ. ಗೋಡೆಯ ಮೇಲಿನ ಬುದ್ಧನ ಚಿತ್ರವನ್ನು ಎರಡು ಸಲ ನೋಡಿದರು, ಕೇಳುವ ಅಗತ್ಯ ಮುಗಿಯಿತು. ನನ್ನನ್ನು ಸರ್ ಎನ್ನುತ್ತಿದ್ದರು, ಅವ್ವನನ್ನು ಸರ್ ತಾಯಿ.

ಒಂದು ದಿನ ಅವರು ನುಸಿ ಹತ್ತಿದ ಜೋಳವನ್ನು ಅಂಗಳದಲ್ಲಿ ಹರವಿ ಒಳಗೆ ಹೋಗಿದ್ದರು. ಅವ್ವ ಸ್ವಲ್ಪ ಹೊತ್ತು ಬಾಗಿಲಲ್ಲಿ ನಿಂತು ಅದನ್ನೇ ನೋಡಿದಳು. ಆಮೇಲೆ ಸೀರೆ ಎತ್ತಿ ಸಿಕ್ಕಿಸಿ, ಜೋಳದೊಳಗೆ ಇಳಿದು, ಪಾದ ಎಳೆಯುತ್ತ ಈ ತುದಿಯಿಂದ ಆ ತುದಿಗೆ ನಡೆಯತೊಡಗಿದಳು.

“ಅಯ್ಯ ಅಯ್ಯ, ಏನಿದು! ಉಣ್ಣೂ ಕಾಳಿಗೆ ಕಾಲು ಹಚ್ಚತಾರೇನು?” ಶಾಂತಮ್ಮನವರು ಒಳಗಿನಿಂದ ಓಡಿ ಬಂದರು.

ಅವ್ವ ನಿಲ್ಲಲಿಲ್ಲ. ತುದಿ ಮುಟ್ಟಿ, ತಿರುಗಿ, ಅವರ ಎದುರಿಗೆ ಬರುತ್ತ ಹೇಳಿದಳು: “ಕಾಲು ಹಚ್ಚಲಾರದ ಅಕ್ಕಿ ನೀವು ಯಾವತ್ತು ಉಂಡೀರಿ ಯವ್ವಾ?”

ನಾನು ಒಳಗೆ ಪುಸ್ತಕ ಹಿಡಿದು ಕೂತಿದ್ದೆ. ಪುಟ ತಿರುಗಿಸುವ ಸದ್ದೂ ಕೇಳಿಸಬಾರದು ಎಂದು ಹಾಗೇ ಕೂತೆ. ಆ ಜೋಳವನ್ನು ಶಾಂತಮ್ಮನವರು ಬೀಸಿಸಿ ಉಂಡರೋ, ಯಾರಿಗಾದರೂ ಕೊಟ್ಟು ಕೈ ತೊಳೆದುಕೊಂಡರೋ ಗೊತ್ತಾಗಲಿಲ್ಲ. ಆದರೆ ಅಂದಿನಿಂದ ಅವರಿಬ್ಬರೂ ಮಧ್ಯಾಹ್ನ ಕಟ್ಟೆಯ ಎರಡು ತುದಿಯಲ್ಲಿ ಕೂತು ಮಾತಾಡುವುದು ಶುರುವಾಯಿತು.

ಆಷಾಢ ಬಂತು. ನಮ್ಮ ಕಡೆ ಮಳೆಗಿಂತ ಮೊದಲು ಗಾಳಿ ಬರುತ್ತದೆ. ಮೋಡಗಳು ಎಲ್ಲಿಗೋ ತುರ್ತು ಕೆಲಸವಿದ್ದಂತೆ ತಲೆಯ ಮೇಲಿಂದ ಹಾದು ಹೋಗುತ್ತವೆ. ಕೆಳಗೆ ಧೂಳು, ಹಾರುವ ತಗಡು, ಬಡಿಯುವ ಬಾಗಿಲು. ಅವ್ವ ಪ್ರತಿ ಶನಿವಾರ ಬಸ್ಸು ಹತ್ತಿ ಪೋತ್ನಾಳಕ್ಕೆ ಹೋಗುತ್ತಿದ್ದಳು. “ಮಂದೀನ ನೋಡಬೇಕು ಅನಸ್ತದ,” ಎನ್ನುತ್ತಿದ್ದಳು. ಜೊತೆಗೆ ಕೆಲಸ ಮಾಡಿದ ಹೆಂಗಸರ ಮಾತು ಎಂದುಕೊಂಡೆ. ಒಂದು ಭಾನುವಾರ ಅವಳು ಬಡಿಯುವ ಬಾಗಿಲಿಗೆ ಒರಳಿನ ಗುಂಡು ಆನಿಸಿ ಇಟ್ಟು, ಪುಂಡಿಪಲ್ಲೆಯ ಸೊಪ್ಪು ಬಿಡಿಸುತ್ತ ಕೂತವಳು, ತಲೆ ಎತ್ತದೆ ಹೇಳಿದಳು.

“ಗಿರಣ್ಯಾಗ ಮಾರೆಪ್ಪ ಅದಾನಲ್ಲ, ಬಾಯ್ಲರ್ ಮಾರೆಪ್ಪ.”

“ಹೂಂ.”

“ಅವನ ಕೂಡ ಉಡಿಕಿ ಆಗಬೇಕಂತ ಮಾಡೀನಿ.”

ಉಡಿಕೆ ಎಂದರೇನೆಂದು ಈಗಿನವರಿಗೆ ಹೇಳಬೇಕಾದೀತು. ಗಂಡ ಸತ್ತ ಹೆಣ್ಣು ಮತ್ತೊಬ್ಬನ ಮನೆಯ ಸೀರೆ ಉಟ್ಟು, ಬಳೆ ತೊಟ್ಟು ಹೊಸ ಸಂಸಾರ ಹೂಡುವುದು. ಅಪ್ಪನ ಊರಾದ ಮಾನ್ವಿಯ ನಮ್ಮ ಕೇರಿಯಲ್ಲಿ ತಲೆಮಾರುಗಳಿಂದ ಇತ್ತು. ಬಾಜಾ ಇಲ್ಲ, ಹಂದರ ಇಲ್ಲ; ದೀಪ ಹಚ್ಚಿದ ಮೇಲೆ ನಾಲ್ಕು ಮಂದಿ ಹಿರಿಯರ ಮುಂದೆ ಸೀರೆ ಕೊಟ್ಟರೆ ಮುಗಿಯಿತು. ನನ್ನ ಸ್ವಂತ ಚಿಕ್ಕಮ್ಮ ಉಡಿಕೆಯಾದವಳು. ಬಾಡಿಗೆ ಮನೆ ಬದಲಿಸಿದಷ್ಟೇ ಸಹಜವಾಗಿ ಅದರ ಮಾತು ಬರುತ್ತಿತ್ತು. ವಿಚಿತ್ರವೆಂದರೆ ಅದೇ ತಿಂಗಳು ಕಾಲೇಜಿನ ಚರ್ಚಾಸ್ಪರ್ಧೆಯಲ್ಲಿ ವಿಧವಾ ವಿವಾಹದ ಪರ ಮಾತಾಡಿದ ಹುಡುಗನಿಗೆ ನಾನೇ ಮೊದಲ ಬಹುಮಾನ ಕೊಟ್ಟಿದ್ದೆ. ಧಾರವಾಡದಲ್ಲಿ ಅದನ್ನು ದೂರದೂರಿನ ಸುಧಾರಕರು ತಂದ ಹೊಸ ವಿಚಾರವೆಂದು ಓದಿ ಬಂದಿದ್ದೆ. ನಮ್ಮ ಕೇರಿಯಲ್ಲಿ ಹೆಂಗಸರು ಯಾರ ಉಪಕಾರವೂ ಇಲ್ಲದೆ ಅದನ್ನೇ ಮಾಡುತ್ತಿದ್ದರು ಎಂಬುದು ಓದುವಾಗ ಎಲ್ಲಿ ಹೋಗಿತ್ತೋ.

“ಜನ ಏನಂತಾರ ಬೇ?” ಎಂದೆ. ನನ್ನ ಬಾಯಿಗೆ ಮೊದಲು ಬಂದದ್ದು ಅದೇ.

“ಯಾವ ಜನ?”

“ಜನ ಅಂದ್ರ ಜನ.”

“ಮಾನ್ವಿ ಕೇರ್ಯಾಗಿನವ್ರು ಹೋಳಿಗಿನೋ ಬಾಡೂಟನೋ ಅಂತಾರ. ಗಿರಣ್ಯಾಗಿನವ್ರಿಗೆ ಮೊದ್ಲ ಗೊತ್ತದ. ಈ ಓಣಿ ಮಂದಿಗೆ ನನ್ನ ಹೆಸರೂ ಗೊತ್ತಿಲ್ಲ. ಇನ್ನ ಯಾವ ಜನ ಉಳೀತು, ನೀ ಹೇಳು.”

ಉಳಿದ ಜನ ನಾನೇ.

“ನಾ ನಿನಗೇನು ಕಡಿಮಿ ಮಾಡೀನಿ?”

“ಏನೂ ಕಡಿಮಿ ಮಾಡಿಲ್ಲೋ ಯಪ್ಪಾ. ನೀ ಕಡಿಮಿ ಮಾಡಿದ್ರ ಹೋಗೂದು, ಮಾಡದಿದ್ರ ಇರೂದು, ಹಂಗ ಅಲ್ಲ ಇದು.” ಪಲ್ಲೆಯ ಕಡ್ಡಿಗಳನ್ನು ಒಂದು ಕಡೆ ಒಟ್ಟಿದಳು. “ದೀಪಾವಳಿ ಮುಂದ ಹೊಸ ನೆಲ್ಲು ಬರ್ತದ, ಬಾಯ್ಲರ್ ಹಚ್ಚತಾರ. ಹಚ್ಚಿದ ಮ್ಯಾಲ ಅಂವಗೂ ಪುರುಸೊತ್ತಿಲ್ಲ, ನನಗೂ ಇಲ್ಲ. ಅದಕ್ಕಿಂತ ಮೊದ್ಲ ಆಗಬೇಕು.”

“ನಿನಗ್ಯಾಕ ಪುರುಸೊತ್ತಿಲ್ಲ? ಮತ್ತ ಕಣಕ್ಕ ಹೋಗ್ತಿಯಾ?”

“ಹೋಗಲಾರದ? ಸಾಲು ಯಾರು ತಿರುಗಸ್ತಾರ?” ಆಮೇಲೆ ಮೊದಲ ಸಲ ನನ್ನ ಮುಖ ನೋಡಿದಳು. “ನೀ ಬಂದು ಸೀರಿ ಕೊಡಬೇಕು.”

ಅದೂ ರೂಢಿಯೇ. ಗಂಡಾಗುವವನು ಸೀರೆ ತರುತ್ತಾನೆ. ಹೆಣ್ಣಿಗೆ ಬೆಳೆದ ಮಗನಿದ್ದರೆ ಅವನು ಅದನ್ನು ಇಸಿದುಕೊಂಡು ತಾಯಿಯ ಕೈಗಿಡಬೇಕು. ತನಗೆ ತಕರಾರಿಲ್ಲ ಎಂದು ಅರ್ಥ. ಬೆಳೆದ ಮಗ ನಾನು. ನನಗೆ ತಕರಾರು ಇತ್ತು. ಇನ್ನೊಂದು ತಾಪತ್ರಯವೂ ಇತ್ತು: ರಾಯಚೂರಿನ ಒಬ್ಬ ಹೆಡ್‌ಮಾಸ್ತರರ ಮಗಳೊಂದಿಗೆ ನನ್ನ ಮದುವೆಯ ಮಾತು ನಡೆದಿತ್ತು.

ಮುಂದಿನ ಎರಡು ತಿಂಗಳು ನಾನು ಬಸ್ಸಿನಲ್ಲೇ ಕಳೆದೆನೇನೋ. ದಿನಚರಿ ಅದನ್ನಾದರೂ ಸರಿಯಾಗಿ ಹೇಳುತ್ತದೆ.

ಮೊದಲು ರಾಯಚೂರಿಗೆ ಹೋದೆ. ಹೆಡ್‌ಮಾಸ್ತರರು ನಮ್ಮವರೇ, ನಮ್ಮ ಮಂದಿಯಲ್ಲಿ ಮೊದಲು ಓದಿ ನೌಕರಿ ಹಿಡಿದ ಮನೆಗಳಲ್ಲಿ ಒಂದು. ಕಪ್ಪಿನಲ್ಲಿ, ಕೆಳಗೆ ಬಸಿ ಇಟ್ಟು, ಚಹಾ ಬಂತು. ಕಿಟಕಿಯಾಚೆ ಕೋಟೆಯ ಗೋಡೆ. ದೇವಸುಗೂರಿನ ಕಡೆ ಕರೆಂಟಿನ ಕಾರ್ಖಾನೆ ಕಟ್ಟಲು ಸಿಮೆಂಟು ಹೊತ್ತ ಲಾರಿಗಳು ಹೋಗುವಾಗ ಬಸಿಯೊಳಗೆ ಕಪ್ಪು ನಡುಗುತ್ತಿತ್ತು. ನಾನು ಎಲ್ಲ ಹೇಳಿಬಿಡಬೇಕೆಂದು ಹೋದವನು, ನಮ್ಮ ಸಂಬಂಧಿಕರಲ್ಲಿ ಒಬ್ಬ ಹೆಂಗಸು ಎಂದು ಶುರು ಮಾಡಿದೆ.

“ಉಡಿಕಿ ಗಿಡಿಕಿ ಎಲ್ಲಾ ನಾವು ಬಿಟ್ಟು ಬಾಳ ವರ್ಷ ಆತ್ರೀ ಸರ್,” ಎಂದರು ಅವರು. ಕೆಟ್ಟ ಮನುಷ್ಯರಲ್ಲ, ದನಿಯಲ್ಲಿ ಕಾಳಜಿಯೇ ಇತ್ತು. “ನಮ್ಮ ಮಂದಿ ಮುಂದ ಬರಬೇಕಂದ್ರ ಇಂಥಾವು ಬಿಡಬೇಕು. ಊರಾಗಿನ ದೊಡ್ಡ ಮಂದೀನ ನೋಡ್ರಿ, ಅವರ ಮನ್ಯಾಗ ಆಗ್ತದೇನು?”

ನಾನು ತಲೆಯಾಡಿಸಿದೆ ಎಂದೇ ನೆನಪು. ಆದರೆ ವಾಪಸು ಬರುವ ಬಸ್ಸಿನಲ್ಲಿ ಆ ದೊಡ್ಡ ಮಂದಿಯ ಮನೆ ಹೇಗಿರುತ್ತದೆಂದು ಊಹಿಸಲು ಹೋದರೆ ಬೇರೆ ಯಾವುದೂ ಕಣ್ಣಿಗೆ ಬರಲಿಲ್ಲ, ನಮ್ಮ ಅಂಗಳದ ಹಿಂದಿನ ಕೋಣೆ ಬಂತು. ಹಗ್ಗದ ಮೇಲೆ ಒಣಗುವ ಬಿಳಿ ಸೀರೆ ಬಂತು.

ಆಮೇಲೆ ಮಾನ್ವಿಗೆ, ಅಪ್ಪನ ಅಣ್ಣ ತಿಪ್ಪಣ್ಣ ಕಾಕಾನ ಹತ್ತಿರ. ದೊಡ್ಡಪ್ಪನಾದರೂ ನಮಗೆ ಅವನು ಕಾಕಾ. ಗಂಡನ ಮನೆಯ ಹಿರಿಯನಾಗಿ ಅವನು ಒಪ್ಪದಿದ್ದರೆ ಉಡಿಕೆ ನಡೆಯುವಂತಿರಲಿಲ್ಲ. ಅವನು ಬೇಡ ಎಂದರೆ ನಾನು ಬೇಡ ಎನ್ನುವ ಪ್ರಸಂಗ ಬರುವುದಿಲ್ಲ. ನಾನು ಹೋದದ್ದು ಅದಕ್ಕೇ. ಕಾಕಾ ಬೇವಿನ ಬುಡದಲ್ಲಿ ಕೂತು ಹಗ್ಗ ಹೊಸೆಯುತ್ತಿದ್ದ.

“ಗೊತ್ತದ,” ಎಂದ. “ಮಾರೆಪ್ಪ ಬಂದು ಕೇಳಿ ಹೋದ. ಚಲೋ ಮನಿಷ್ಯಾ. ಹುಬ್ಬಿಲ್ಲ, ಅಷ್ಟ.”

“ನೀ ಏನಂದಿ ಕಾಕಾ?”

“ನಾ ಏನನ್ಲಿ? ನನ್ನ ತಮ್ಮ ಸತ್ತು ಮೂರನೇ ವರ್ಷಕ್ಕ ನಾನ ಹೇಳಿದ್ದೆ ಆಕಿಗೆ, ಯವ್ವಾ, ಹರೇದಾಕಿ ಅದಿ, ಯಾರನ್ನರ ನೋಡ್ಕೋ ಅಂತ. ಮಗ ಓದಾಕತ್ತಾನ, ಓದು ಮುಗೀಲಿ ಅಂದ್ಳು.” ಹಗ್ಗದ ತುದಿಯನ್ನು ಕಾಲ್ಬೆರಳಿಗೆ ಸಿಕ್ಕಿಸಿ ಬಿಗಿದ. “ನಿನ್ನ ಓದು ಮುಗದದೋ, ಇನ್ನೂ ಅದನೋ?”

“ಮುಗದದ.”

“ಹಂಗಾದ್ರ?”

ಒಂದು ಸಂಗತಿ ಮಾತ್ರ ಅವನಿಗೆ ಸೇರಿರಲಿಲ್ಲ. ದೀಪ ಹಚ್ಚಿದ ಮೇಲೆ ಮಾಡುವುದನ್ನು ಅವ್ವ ಹಗಲಲ್ಲೇ ಮಾಡಬೇಕು ಎಂದಿದ್ದಳಂತೆ. “ಕತ್ತಲದಾಗ ಮಾಡಾಕ ನಾ ಏನು ಕೋಳಿ ಕದ್ದೀನೇನು ಅಂತಾಳ ನೋಡು,” ಎಂದು ದೂರಿದ. ದೂರುವಾಗ ಅವನ ಮುಖದಲ್ಲಿ ಇದ್ದದ್ದು ಸಿಟ್ಟೋ ಹೆಮ್ಮೆಯೋ ಹೇಳಲಾರೆ.

ಕೊನೆಗೆ ಪೋತ್ನಾಳಕ್ಕೂ ಹೋದೆ. ಗಿರಣಿ ನಿಂತಿತ್ತು. ಬಾಯ್ಲರಿನ ಬಾಯಿ ತೆರೆದು, ಒಳಗೆ ಅರ್ಧ ದೇಹ ತೂರಿಸಿ, ಮಾರೆಪ್ಪ ಬೂದಿ ಕೆರೆಯುತ್ತಿದ್ದ. ನಾನು ಕೆಮ್ಮಿದೆ. ಹೊರಗೆ ಬಂದ. ಎತ್ತರದ, ನಾಚುವ ಮನುಷ್ಯ. ಭತ್ತದ ಹೊಟ್ಟಿನ ಬೆಂಕಿಗೆ ವರ್ಷಗಟ್ಟಲೆ ಮುಖ ಕೊಟ್ಟು ಹುಬ್ಬುಗಳು ಸುಟ್ಟು ಹೋಗಿ, ಯಾವಾಗಲೂ ಯಾವುದೋ ಸುದ್ದಿ ಕೇಳಿ ಬೆರಗಾದವನಂತೆ ಕಾಣುತ್ತಿದ್ದ.

“ಬರ್ರಿ ಸರ್, ಕುಂದ್ರಿ. ಅಲ್ಲಿ ಬ್ಯಾಡ, ಮಸಿ ಅದ. ಇಲ್ಲೂ ಅದ. ಎಲ್ಲಾ ಕಡೆ ಅದ ಬಿಡ್ರಿ.”

ನಿಂತೇ ಮಾತಾಡಿದೆವು. ನಾನು ವಿದ್ಯಾರ್ಥಿಗೆ ಪ್ರಶ್ನೆ ಕೇಳುವಂತೆ ಕೇಳಿದೆ: “ನಿಮಗ ಈ ಇಚಾರ ಯಾವಾಗ ಬಂತು?”

“ನನಗ ಬಂದಿಲ್ರೀ,” ಎಂದ ಮಾರೆಪ್ಪ. “ಆಕಿ ಕೇಳಿದ್ಳು.”

“ಅವ್ವ ಕೇಳಿದ್ಳಾ?”

“ಹೂನ್ರಿ. ಹೋದ ವರ್ಷ, ಇಲ್ಲೇ, ನೆಲ್ಲು ಬೇಯಾಕತ್ತಿತ್ತು. ನಾ ಒಂದೀಟು ಇಚಾರ ಮಾಡ್ತೀನಿ ಅಂದೆ. ಬಾಳ ಇಚಾರ ಮಾಡಿದೆ ನೋಡ್ರಿ, ಈ ವರ್ಷ ಬಂತು. ಮಾರೆಪ್ಪ, ಬಾಯ್ಲರ್ ತಣ್ಣಗಾತು, ಇನ್ನೂ ನಿನ್ನ ಇಚಾರ ಕುದಿಯಾಕತ್ತದೇನು ಅಂತ ಬೈದ್ಳು.” ನಕ್ಕ. ಆಮೇಲೆ ನಗು ನಿಲ್ಲಿಸಿ ಕೈಯ ಮಸಿಯನ್ನು ಅಂಗಿಗೆ ಒರೆಸಿಕೊಂಡ. “ನೀವು ಬ್ಯಾಡ ಅಂದ್ರ ನಾ ಒತ್ತಾಯ ಮಾಡಾಂಗಿಲ್ರಿ. ಆದ್ರ ಬ್ಯಾಡ ಅಂತ ಆಕಿಗೆ ನೀವ ಹೇಳ್ರಿ. ಆ ಕೆಲಸ ನನ್ನ ಕೈಲೆ ಆಗಾಂಗಿಲ್ಲ.”

ನನ್ನ ಕೈಲೂ ಆಗುವಂತಿರಲಿಲ್ಲ. ಅವ್ವನನ್ನು ಯಾರೋ ಮರುಳು ಮಾಡಿದ್ದಾರೆ, ನಾನು ಕಾಪಾಡಬೇಕು ಎಂಬ ಒಂದು ಆಸರೆ ನನಗೆ ಅಲ್ಲಿಯವರೆಗೆ ಇತ್ತು. ಅದೂ ಬೂದಿಯಲ್ಲಿ ಹೋಯಿತು.

ಆದರೂ ಕೊನೆಯ ಪ್ರಯತ್ನವೊಂದನ್ನು ಮಾಡಿದೆ. ಶ್ರಾವಣದ ಒಂದು ಸಂಜೆ, ರಾಯಚೂರಿನ ರಿಜಿಸ್ಟ್ರಾರ್ ಆಫೀಸಿನಲ್ಲಿ ಕಾಯ್ದೆ ಪ್ರಕಾರ ಮದುವೆ ಮಾಡಿಸುತ್ತೇನೆ, ಸಹಿ ಹಾಕಿದರೆ ಸಾಕು, ಕೇರಿಯ ಮುಂದೆ ಸೀರೆ ಗೀರೆ ಬೇಡ ಎಂದೆ. ಹಾಗಾದರೆ ಅದು ಉಡಿಕೆ ಎನಿಸದೆ ಸುಶಿಕ್ಷಿತರ ವಿವಾಹ ಎನಿಸುತ್ತದೆ, ಹೆಡ್‌ಮಾಸ್ತರರಿಗೂ ಹೇಳಬಹುದು ಎಂದು ನನ್ನ ಲೆಕ್ಕ.

“ಹೊಲ ರಿಜಿಸ್ಟರ್ ಮಾಡ್ಸಾಕ ಹೊಂಟೇವೇನು?” ಎಂದಳು ಅವ್ವ.

“ನಿನ್ನ ಒಳ್ಳೇದಕ್ಕ ಹೇಳಾಕತ್ತೀನಿ.”

ಅವಳು ಸ್ಟೋವ್ ಆರಿಸಿದಳು.

“ನೀ ಧಾರವಾಡಕ್ಕ ಹೋಗ್ತೀನಿ ಅಂದಾಗ ಗಿರಣಿ ಮಾಲಕರು ನಿನಗ ಗುಮಾಸ್ತನ ಕೆಲಸ ಕೊಡ್ತೀನಿ ಅಂದಿದ್ರು. ಕೈಗೆ ಬಂದ ಕೆಲಸ ಬಿಡಸಾಕತ್ತಾಳ, ಹುಚ್ಚಿ, ಅಂದ್ರು ಎಲ್ಲಾರೂ ನನಗ. ಧಾರವಾಡ ಯಾವ ದಿಕ್ಕಿಗದ ಅಂತ ಗೊತ್ತಿರಲಿಲ್ಲ ನನಗ. ಏನು ಓದ್ತಿ, ಯಾಕ ಓದ್ತಿ, ಓದಿ ಏನು ಆಗ್ತಿ ಅಂತ ಕೇಳಿದ್ನೇನು?”

“ಇಲ್ಲ.”

“ಏನಂದೆ?”

ಏನೆಂದಿದ್ದಳೆಂದು ನನಗೆ ಚೆನ್ನಾಗಿ ನೆನಪಿತ್ತು. ನಿನ್ನ ಮನಸು ಎಂದಿದ್ದಳು. ಆಗ ಅದನ್ನು ನಾನು ತಿಳಿಯದವಳ ಉದಾಸೀನವೆಂದು ಎಣಿಸಿದ್ದೆ.

“ನಿನಗ ಅಂಜಿಕಿ ಆಗಲಿಲ್ಲೇನು?” ಎಂದು ಕೇಳಿದೆ.

“ಯಾಕ ಆಗಾಂಗಿಲ್ಲ? ನೀ ಹೋದ ಮ್ಯಾಲ ಎಷ್ಟೋ ದಿವಸ ಅನ್ನ ಸೇರಲಿಲ್ಲ. ಆದ್ರ ನನ್ನ ಅಂಜಿಕಿ ನಿನ್ನ ಗಂಟಿನ್ಯಾಗ ಕಟ್ಟಿ ಕಳಸ್ಲೇನು?”

ಭಾದ್ರಪದದಲ್ಲಿ ನಮ್ಮ ಕಡೆ ನಿಜವಾದ ಮಳೆ. ಗೊತ್ತುಮಾಡಿದ ದಿನಕ್ಕೆ ಎರಡು ದಿನ ಮೊದಲೇ ರೇಣುಕಾ ಯರಗೇರಾದಿಂದ ಬಂದು ಅವ್ವನನ್ನು ಮಾನ್ವಿಗೆ ಕರೆದುಕೊಂಡು ಹೋದಳು. ಹೋಗುವಾಗ ಅವ್ವ ಚಪ್ಪಲಿ ಮೆಟ್ಟುತ್ತ ನನಗೆ ಹೇಳಿದಳು: “ಬಂದ್ರ ಬಾ. ಬರದಿದ್ರ ಆಮ್ಯಾಲ ಮನಿಗೆ ಬಾ. ಪೋತ್ನಾಳಕ್ಕ.” ಮನೆ ಎಂದು ಅವಳು ಪೋತ್ನಾಳವನ್ನು ಕರೆದದ್ದು ಆಗಲೇ ಕಿವಿಗೆ ಬಿತ್ತು.

ಆ ದಿನ ಬೆಳಗಿನ ಬಸ್ಸನ್ನು ನಾನು ತಪ್ಪಿಸಿಕೊಂಡೆ. ತಪ್ಪಿತು ಎಂದು ದಿನಚರಿಯಲ್ಲಿದೆ. ಬಸ್‌ಸ್ಟ್ಯಾಂಡಿನಲ್ಲಿ ನಿಂತಿದ್ದೆ, ಬಸ್ಸು ಬಂತು, ತುಂಬಿದೆ ಎಂದುಕೊಂಡೆ, ಹೋಯಿತು. ಮುಂದಿನದಕ್ಕೆ ಹತ್ತಿದೆ. ಸಿರವಾರ ದಾಟಿದ ಮೇಲೆ ರಸ್ತೆಗೆ ಅಡ್ಡವಾಗಿ ಹಳ್ಳ ಬಂದಿತ್ತು. ಕೆಂಪು ನೀರು, ಅದರಲ್ಲಿ ತೇಲುವ ಜಾಲಿಯ ಟೊಂಗೆಗಳು. ಡ್ರೈವರ್ ಇಂಜಿನ್ ನಿಲ್ಲಿಸಿ ಬೀಡಿ ಹಚ್ಚಿದ. ಎಲ್ಲರೂ ಇಳಿದೆವು. ನನಗೆ ಎದೆಯ ಮೇಲಿಂದ ಭಾರ ಇಳಿದಂತಾಯಿತು: ಇನ್ನು ನನ್ನ ಕೈಯಲ್ಲಿ ಏನೂ ಇಲ್ಲ. ಆದರೆ ಕಾಲು ಮಾತ್ರ ನಿಲ್ಲಲೊಲ್ಲವು. ನೀರಿನ ಅಂಚಿನವರೆಗೆ ಹೋಗುತ್ತಿದ್ದೆ, ಬರುತ್ತಿದ್ದೆ. ಕರಿಮಣ್ಣು ಹತ್ತಿ ಹತ್ತಿ ಚಪ್ಪಲಿ ಒಂದೊಂದೂ ಕಲ್ಲಿನಂತಾಗಿತ್ತು.

ಕುರಿಗಳ ಜೊತೆ ನಿಂತಿದ್ದ, ಕಂಬಳಿ ಹೊದ್ದ ಮನುಷ್ಯನೊಬ್ಬ ನನ್ನನ್ನು ನೋಡಿ ನೋಡಿ ಬೇಸತ್ತಿರಬೇಕು. “ಇಳೀತದ ತಗೋರಿ ಸರ್, ಯಾಕ ಹಂಗ ಒದ್ದಾಡತೀರಿ? ಮದಿವಿ ಗಿದಿವಿ ಅದ ಏನು?” ಎಂದು ತಮಾಷೆ ಮಾಡಿದ.

“ಅದ,” ಎಂದೆ.

“ಯಾರದ್ರೀ?”

“ನಮ್ಮ ಅವ್ವಂದು.”

ಇದೊಂದು ನನಗೆ ಖಚಿತವಾಗಿ ನೆನಪಿದೆ. ಯಾರಿಗೂ ಹೇಳದ ಮಾತನ್ನು, ಹೆಡ್‌ಮಾಸ್ತರರ ಮುಂದೆ ಸಂಬಂಧಿಕರ ಹೆಂಗಸೆಂದು ಮರೆಮಾಚಿದ ಮಾತನ್ನು, ಹೆಸರು ಗೊತ್ತಿಲ್ಲದ ಒಬ್ಬ ಕುರಿಗಾರನಿಗೆ ಹೇಳಿದೆ. ಅವನು ನಕ್ಕ ನಗುವಿಗೆ ಕುರಿಗಳು ಚದುರಿದವು.

“ಅವ್ವನ ಮದಿವಿ ಅಂದ್ರ ಇಲ್ಲಿ ಏನು ನೀರು ನೋಡ್ಕೋತ ನಿಂತೀರಿ ಮಾರಾಯಾ! ದಾಟ್ರಿ, ದಾಟ್ರಿ. ಟೊಂಕದ ಮಟ ಅದ, ಅಷ್ಟ. ನನ್ನ ಕೈ ಹಿಡೀರಿ. ಗಟ್ಟಿ ಹಿಡೀರಿ.”

ದಾಟಿದೆವು. ನಡುನೀರಿನಲ್ಲಿ ಒಂದು ಚಪ್ಪಲಿ ಹೋಯಿತು. ಆಚೆ ದಡದಲ್ಲಿ ಅವನು ನನ್ನ ಕೈ ಬಿಟ್ಟು, “ಊಟಕ್ಕ ಇರತಿದ್ದೆ, ಆದ್ರ ಕುರಿ ಅದಾವು,” ಎಂದು ಹೇಳಿ ಮತ್ತೆ ನೀರಿಗಿಳಿದ. ಆಚೆ ನಿಂತಿದ್ದ ಟ್ರ್ಯಾಕ್ಟರೊಂದು ನನ್ನನ್ನು ಮಾನ್ವಿಗೆ ಮುಟ್ಟಿಸಿತು.

ಮುಂದೆ ನಡೆದದ್ದಕ್ಕೆ ಎರಡು ಪಾಠಾಂತರಗಳಿವೆ.

ನನ್ನ ನೆನಪಿನಲ್ಲಿ, ಕಾಕಾನ ಅಂಗಳದಲ್ಲಿ ಎಲ್ಲರೂ ನನಗಾಗಿ ಕಾದಿದ್ದರು. ಮಳೆ ನಿಂತು ಸಂಜೆ ಬಿಸಿಲು ಬಂದಿತ್ತು. ಮಾರೆಪ್ಪ ಹೊಸ ಅಂಗಿ ತೊಟ್ಟು, ಮಡಿಚಿದ ಹಸಿರು ಸೀರೆಯನ್ನು ಎರಡೂ ಕೈಯಲ್ಲಿ ಹಿಡಿದು, ತನ್ನ ಆ ಬೆರಗಿನ ಮುಖದಲ್ಲಿ ನಿಂತಿದ್ದ. ನಾನು ಒಂದೇ ಚಪ್ಪಲಿಯಲ್ಲಿ ಹೋಗಿ ಸೀರೆ ಇಸಿದುಕೊಂಡು ಅವ್ವನ ಕೈಗಿಟ್ಟೆ. ಅವಳ ಅಂಗೈ ಬೆಚ್ಚಗಿತ್ತು.

ರೇಣುಕಾಳ ಪ್ರಕಾರ ಇದು ಯಾವುದೂ ಆಗಲಿಲ್ಲ. “ಎಲ್ಲಿ ಕೊಟ್ಟಿ ನೀ? ನೀ ಬಂದಾಗ ಮಂದಿ ಉಣ್ಣಾಕ ಕುಂತಿದ್ರು. ಕಾಕಾ ಕೊಟ್ಟ ಸೀರಿ. ನೀ ನಳದ ಹಂತ್ಯಾಕ ನಿಂತು ಕಾಲು ತೊಳ್ಕೊಳ್ಳಾಕತ್ತಿದಿ. ತೊಳದಿ, ತೊಳದಿ, ಎಷ್ಟು ಹೊತ್ತು ತೊಳದಿ ಅಂದ್ರ, ನಾನ ಬಂದು ನಳ ಬಂದ್ ಮಾಡಿದೆ.” ಅವಳು ಸುಳ್ಳು ಹೇಳುವವಳಲ್ಲ. ಮೇಲಾಗಿ ಆ ನಳದ ನೀರಿನ ತಂಪು ನನಗೂ ನೆನಪಿದೆ. ದಿನಚರಿಯಲ್ಲಿ ಹೀಗಿದೆ: ಮಳೆ. ಹಳ್ಳ ಬಂದಿತ್ತು. ಮಾನ್ವಿಯಲ್ಲಿ ಉಳಿದೆ.

ದೇವದುರ್ಗಕ್ಕೆ ಒಬ್ಬನೇ ವಾಪಸು ಬಂದೆ. ಶಾಂತಮ್ಮನವರಿಗೆ ಹೇಗೋ ಸುದ್ದಿ ಮುಟ್ಟಿತ್ತು. ಮನೆ ಖಾಲಿ ಮಾಡಿ ಎನ್ನುತ್ತಾರೆಂದು ಪುಸ್ತಕಗಳನ್ನು ಮನಸ್ಸಿನಲ್ಲೇ ಗಂಟು ಕಟ್ಟಿದ್ದೆ. ಮೂರನೆಯ ದಿನ ಅವರು ಕಟ್ಟೆಯ ಮೇಲೆ, ಅವ್ವ ಕೂರುತ್ತಿದ್ದ ತುದಿಯನ್ನು ಖಾಲಿ ಬಿಟ್ಟು ತಮ್ಮ ತುದಿಯಲ್ಲಿ ಕೂತಿದ್ದರು. ನಾನು ಬೀಗ ತೆಗೆಯುವಾಗ ಕೇಳಿದರು.

“ಸರ್, ಹುಲಿಗೆಮ್ಮ ಯಾವ ಬಣ್ಣದ ಬಳಿ ಇಟ್ಕೊಂಡ್ಳು?”

ಅವರ ಬಾಯಲ್ಲಿ ಅವ್ವನ ಹೆಸರು ಕೇಳಿದ್ದು ಅದೇ ಮೊದಲು. “ಹಸಿರು,” ಎಂದೆ.

“ಹಸಿರು,” ಎಂದರು. ತಮ್ಮ ಬರಿ ಮುಂಗೈಯನ್ನು ಸೆರಗಿನೊಳಗೆ ಎಳೆದುಕೊಂಡರು. “ಆಕಿ ಕೈಗೆ ಒಪ್ಪತಾವು.”

ಹೆಡ್‌ಮಾಸ್ತರರ ಮನೆಯ ಮಾತು ಹಾಗೇ ತಣ್ಣಗಾಯಿತು. ಅವರು ಹೇಳಿ ಕಳಿಸಲಿಲ್ಲ, ನಾನೂ ಹೋಗಲಿಲ್ಲ. ದೀಪಾವಳಿ ಮುಗಿದ ವಾರ ಬಾಯ್ಲರ್ ಹಚ್ಚಿದರೆಂದು ತಿಳಿಯಿತು. ಆ ಶನಿವಾರ ಪೋತ್ನಾಳದಲ್ಲಿ ಬಸ್ಸಿನಿಂದ ಇಳಿದಾಗ ಇದೇ ವಾಸನೆ ಬಂದಿತ್ತು. ಗಿರಣಿಯ ಗೋಡೆಯ ಮೇಲಿಂದ ನೋಡಿದೆ. ಆವಿ ಏಳುವ ಭತ್ತದೊಳಗೆ ಹೆಂಗಸರ ಸಾಲು ಹೋಗುತ್ತಿತ್ತು. ತುದಿಯಲ್ಲಿ ಅವ್ವ ತಿರುಗಿದಳು, ಸಾಲು ತಿರುಗಿತು.

ಮೊನ್ನೆ ಬಸ್ಸಿಳಿದು ಮನೆಗೆ ಹೋದಾಗ ಇಬ್ಬರೂ ಕಟ್ಟೆಯ ಮೇಲಿದ್ದರು. ಬಾಯ್ಲರ್ ಬಿಟ್ಟು ವರ್ಷಗಳಾದ ಮೇಲೆ ಮಾರೆಪ್ಪನಿಗೆ ಹುಬ್ಬು ಬೆಳೆದಿವೆ, ಬೆಳ್ಳಗೆ, ದಟ್ಟವಾಗಿ. ಅವ್ವ ಅದಕ್ಕೆ ಅವನನ್ನು ಕಾಡಿಸುತ್ತಾಳೆ: “ಈಗ ನೋಡು, ಎಲ್ಲಾ ಗೊತ್ತಿದ್ದಾಂವನಂಗ ಕಾಣ್ತಾನ.” ಮಾರೆಪ್ಪ ನನಗೆ ಚಹಾ ತರಲು ಎದ್ದು ಹೋದ. ಇಷ್ಟು ವರ್ಷ ಕೇಳದೆ ಬಿಟ್ಟಿದ್ದನ್ನು ಅಂದು ಕೇಳಿಯೇ ಬಿಟ್ಟೆ.

“ಬೇ, ಅವತ್ತು ನಿನ್ನ ಕೈಗೆ ಸೀರಿ ಕೊಟ್ಟವ್ರು ಯಾರು? ನಾನೋ, ಕಾಕಾನೋ?”

“ಯಾಕ, ಈಗ್ಯಾಕ ಬೇಕಾತು?”

“ಬರೀಬೇಕಂತ ಮಾಡೀನಿ.”

ಅವಳು ನೆನಪು ಮಾಡಿಕೊಳ್ಳಲು ಪ್ರಯತ್ನಿಸಿದಳು. ಹಣೆ ಸುಕ್ಕಾಯಿತು. ಆಮೇಲೆ ಕೈ ಝಾಡಿಸಿದಳು.

“ಯಾರು ಕೊಟ್ರು ಅಂತ ನಾ ಎಲ್ಲಿ ನೋಡೀನಿ? ಸೀರಿ ನೋಡಾಕತ್ತಿದ್ದೆ.” ನನ್ನ ಮುಖ ನೋಡಿ, ಮೆಲ್ಲಗೆ ಸೇರಿಸಿದಳು: “ನೀ ಕೊಟ್ರೂ ಉಡತಿದ್ದೆ, ಕೊಡದಿದ್ರೂ ಉಡತಿದ್ದೆ. ಅದಕ್ಕ್ಯಾಕ ಇಷ್ಟು ಫಿಕರು?”

ರಸ್ತೆಯ ಕಡೆ ರಾಯಚೂರಿನ ಬಸ್ಸಿನ ಹಾರ್ನ್ ಕೇಳಿತು. ನಾನು ಅಭ್ಯಾಸಬಲದಿಂದ ಎದ್ದು ನಿಂತೆ, ಚಪ್ಪಲಿಗಾಗಿ ಕಾಲು ಆಡಿಸಿದೆ. ಮರುದಿನ ರಾಯಚೂರಿನಲ್ಲಿ ಏನೋ ಕೆಲಸವಿತ್ತು, ಏನೆಂದು ಆ ಕ್ಷಣಕ್ಕೆ ಹೊಳೆಯಲಿಲ್ಲ.

“ರೊಟ್ಟಿ ಮಾಡೀನಿ,” ಎಂದಳು ಅವ್ವ. “ಉಂಡು ಇರ್ತಿಯೋ, ಹೋಗ್ತಿಯೋ, ನಿನ್ನ ಮನಸು.”

ಬಸ್ಸು ಇನ್ನೊಮ್ಮೆ ಹಾರ್ನ್ ಮಾಡಿತು, ಸ್ವಲ್ಪ ಹೊತ್ತು ನಿಂತಿತು, ಹೋಯಿತು. ಮಾರೆಪ್ಪ ಚಹಾ ತಂದು ಇಟ್ಟ. ನಾನು ಚಪ್ಪಲಿಯಿಂದ ಕಾಲು ಹೊರಗೆ ತೆಗೆದು, ಮತ್ತೆ ಕಟ್ಟೆಯ ಮೇಲೆ ಕೂತೆ.